ಕೊಟ್ಟ ಹೇಳಿಕೆ ಹಿಂದಕ್ಕೆ ಪಡೆಯಬೇಕಾದಾಗ

ಮದುವೆಗೆ ಹೇಳಿಕೆ ಕೊಡುವುದು ಹೇಗೆಂದು ನಮ್ಮ ಮನೆಗಳಲ್ಲಿ ಯಾರಿಗೂ ಕಲಿಸಬೇಕಾಗಿಲ್ಲ. ಕಾಗದ ಅಚ್ಚಾಗಿ ಬಂದ ಮರುದಿನವೇ ಮನೆಯ ಹಿರಿಯರು ಒಂದು ಪಟ್ಟಿ ಹಿಡಿದು ಹೊರಡುತ್ತಾರೆ. ಕುಂದಾಪುರದಿಂದ ಉತ್ತರಕ್ಕೆ ಹೆಮ್ಮಾಡಿ, ತ್ರಾಸಿ, ಗಂಗೊಳ್ಳಿ, ನಾವುಂದ, ಬೈಂದೂರು, ಶಿರೂರು ಒಂದು ದಿನ. ದಕ್ಷಿಣಕ್ಕೆ ಕೋಟೇಶ್ವರ, ಕೋಟ, ಸಾಲಿಗ್ರಾಮ, ಬ್ರಹ್ಮಾವರ, ಬಾರ್ಕೂರು ಇನ್ನೊಂದು ದಿನ. ಬಸ್ರೂರು, ಕಂಡ್ಲೂರು ಕಡೆಗೆ ಮತ್ತೊಂದು ಸಂಜೆ. ಹೆಂಗಸರ ಹೇಳಿಕೆ ಬೇರೆ, ಗಂಡಸರ ಹೇಳಿಕೆ ಬೇರೆ. ಕಾಗದ ಕೈಗಿಟ್ಟರೆ ಸಾಲದು, ಬಾಯಲ್ಲಿ ಹೇಳಬೇಕು. "ಎಲ್ಲರೂ ಬರಬೇಕು, ಒಲೆ ಹಚ್ಚಬಾರದು" ಎಂದರೆ ಒಂದು ಅರ್ಥ, "ನೀವೊಬ್ಬರು ಬಂದು ಹೋಗಿ" ಎಂದರೆ ಇನ್ನೊಂದು ಅರ್ಥ. ಕೇಳಿಸಿಕೊಂಡವರಿಗೆ ಆ ವ್ಯತ್ಯಾಸ ಚೆನ್ನಾಗಿ ಗೊತ್ತು.

ಆದರೆ ಒಮ್ಮೆ ಕೊಟ್ಟ ಹೇಳಿಕೆಯನ್ನು ಹಿಂದಕ್ಕೆ ಪಡೆಯುವುದು ಹೇಗೆ? ಅದಕ್ಕೆ ನಮ್ಮಲ್ಲಿ ಕ್ರಮವಿಲ್ಲ, ಅದಕ್ಕೆಂದೇ ಒಂದು ಶಬ್ದವೂ ಇಲ್ಲ. "ನೀವು ಬರುವುದು ಬೇಡ" ಎಂದು ನೇರ ಹೇಳುವ ನಾಲಿಗೆ ನಮ್ಮದಲ್ಲ. ಹಾಗಾಗಿ ಫೋನ್ ಎತ್ತದೆ ಇರುತ್ತೇವೆ, ಮೂರನೆಯವರ ಕೈಲಿ ಹೇಳಿ ಕಳಿಸುತ್ತೇವೆ, ವಾಟ್ಸ್ಆ್ಯಪ್ ಗುಂಪಿನಿಂದ ಹೆಸರು ತೆಗೆದು ಸುಮ್ಮನಾಗುತ್ತೇವೆ. ಮದುವೆ ಒಂದೇ ದಿನಕ್ಕೆ ಮುಗಿಯುತ್ತದೆ. ಹೀಗೆ ಬಿಟ್ಟುಹೋದ ಸಂಬಂಧ ಹತ್ತು ವರ್ಷವಾದರೂ ಕೂಡುವುದಿಲ್ಲ.

ಈ ಮಾತು ಈಗ ಯಾಕೆ ಅಂದರೆ, ಮದುವೆಯ ಸೀಸನ್ ಬಂತೆಂದರೆ ಒಂದಲ್ಲ ಒಂದು ಮನೆಯಲ್ಲಿ ಈ ಪ್ರಶ್ನೆ ಎದ್ದೇ ಏಳುತ್ತದೆ. "ಅವ ಬಂದರೆ ನಾನು ಬರುವುದಿಲ್ಲ" ಎಂದು ಒಬ್ಬ ಮಾಮ ಹೇಳಿರುತ್ತಾರೆ. ಕಾಗದ ಕೊಟ್ಟಾದ ಮೇಲೆ ಒಂದು ಜಗಳ ಆಗಿರುತ್ತದೆ. ಅಥವಾ ಮದುಮಗಳೇ ಅಮ್ಮನ ಹತ್ತಿರ ಮೆಲ್ಲಗೆ ಒಂದು ಹೆಸರು ಹೇಳಿ, "ಅವರು ಮಾತ್ರ ಬೇಡ ಉಮ್ಮ" ಎಂದಿರುತ್ತಾಳೆ.

ಐವತ್ತು ಜನರ ಲೆಕ್ಕ

ನಮ್ಮ ಊರುಗಳು ಒಟ್ಟಿಗೇ ಹೇಳಿಕೆ ಹಿಂದಕ್ಕೆ ಪಡೆದ ಕಾಲವೊಂದಿತ್ತು. ಅದನ್ನು ಮರೆಯುವಷ್ಟು ವರ್ಷ ಇನ್ನೂ ಕಳೆದಿಲ್ಲ.

2020ರ ಮಾರ್ಚ್ 22ರಂದು ಜನತಾ ಕರ್ಫ್ಯೂ, 25ರಿಂದ ದೇಶಕ್ಕೆಲ್ಲ ಲಾಕ್‌ಡೌನ್. ಆಗ ನಮಗೆ ರಜಬ್ ಮುಗಿದು ಶಅಬಾನ್ ಕಾಲಿಡುವ ಹೊತ್ತು. ರಂಝಾನಿಗೆ ಮೊದಲು ಮದುವೆ ಮುಗಿಸಿಬಿಡೋಣ ಎಂದು ದಿನ ಇಟ್ಟ ಮನೆಗಳೆಷ್ಟೋ. ಕಾಗದ ಹಂಚಿಯಾಗಿತ್ತು, ಹಾಲ್‌ಗೆ ಮುಂಗಡ ಕೊಟ್ಟಾಗಿತ್ತು, ಅಡುಗೆಯವರಿಗೆ ತಲೆಲೆಕ್ಕ ಹೇಳಿಯಾಗಿತ್ತು. ಗಲ್ಫಿನಲ್ಲಿದ್ದ ಮದುಮಗನಿಗೆ ವಿಮಾನವೇ ಇಲ್ಲ. ದುಬೈಯಿಂದ ಮಂಗಳೂರಿಗೆ ಮೊದಲ ವಂದೇ ಭಾರತ್ ವಿಮಾನ ಬಂದದ್ದು ಮೇ 12ಕ್ಕೆ.

ಮೇ 1ರ ಕೇಂದ್ರ ಗೃಹ ಸಚಿವಾಲಯದ ಆದೇಶದಲ್ಲಿ ಮದುವೆಗೆ 50 ಜನ ಮೀರಬಾರದು ಎಂದು ಬಂತು. 50 ಅಂದರೆ ಎಷ್ಟು ಎಂದು ಆಗ ಮನೆಮನೆಯಲ್ಲೂ ಲೆಕ್ಕ ಹಾಕಿದರು. ಎರಡು ಕಡೆಗೆ ಹಂಚಿದರೆ 25. ಅದರಲ್ಲಿ ಬಾಪ, ಉಮ್ಮ, ಒಡಹುಟ್ಟಿದವರು, ಅವರ ಸಂಸಾರ. ಖತೀಬರು, ಸಾಕ್ಷಿಗಳು. ಬಡಿಸುವುದಕ್ಕೆ ನಾಲ್ಕು ಜನವಾದರೂ ಬೇಕಲ್ಲ. ಇಷ್ಟಾದ ಮೇಲೆ ಉಳಿಯುವುದು ಐದೋ ಆರೋ ಜಾಗ. ಆ ಐದಾರು ಜಾಗಕ್ಕೆ ಇಬ್ಬರು ಕಾಕಂದಿರು, ಮೂವರು ಮಾಮಂದಿರು, ನಾಲ್ವರು ಮಾಮಿಯರು, ಅಜ್ಜಿಯ ತಂಗಿ, ಪಕ್ಕದ ಮನೆಯವರು. 600 ಜನರಿಗೆ ಹೇಳಿಕೆ ಕೊಟ್ಟ ಮನೆಯಾದರೆ 550 ಜನರಿಗೆ "ಬರಬೇಡಿ" ಎನ್ನಬೇಕು.

ಅದೇ ಮೇ ತಿಂಗಳಲ್ಲಿ ಮುಂಬೈಯಿಂದ ಊರಿಗೆ ಬಂದ ನಮ್ಮ ಜಿಲ್ಲೆಯವರನ್ನು ಶಾಲೆ, ಹಾಸ್ಟೆಲುಗಳಲ್ಲಿ ಕ್ವಾರಂಟೈನ್ ಇಟ್ಟಿದ್ದರು. ಜೂನ್ ಮೊದಲ ವಾರ ಉಡುಪಿ ಜಿಲ್ಲೆ ಸೋಂಕಿನ ಲೆಕ್ಕದಲ್ಲಿ ರಾಜ್ಯದಲ್ಲೇ ಮೇಲೆ ಹೋಯಿತು. ಬೈಂದೂರು, ಕುಂದಾಪುರ ಕಡೆಯ ಮನೆಗಳಲ್ಲಿ ಮುಂಬೈಯಿಂದ ಬಂದ ಸ್ವಂತ ತಮ್ಮನಿಗೇ "ನೀನು ಮದುವೆಗೆ ಬರುವುದು ಬೇಡ" ಎನ್ನಬೇಕಾದ ದಿನಗಳು ಅವು. 2021ರ ಏಪ್ರಿಲ್‌ನಲ್ಲಿ ಎರಡನೇ ಅಲೆ ಬಂದಾಗ ರಾಜ್ಯ ಸರ್ಕಾರ ಮತ್ತೆ 50ರ ಮಿತಿ ಹಾಕಿತು. ಆಗಲೂ ರಂಝಾನ್ ತಿಂಗಳು. ಈದ್ ಆದ ಮೇಲೆ ಎಂದು ಇಟ್ಟ ಮದುವೆಗಳಿಗೆಲ್ಲ ಮತ್ತೆ ಅದೇ ಪಾಡು.

ಆ ಎರಡು ವರ್ಷ ನಮಗೆ ಒಂದು ವಿಷಯವನ್ನು ಚೆನ್ನಾಗಿ ತೋರಿಸಿಕೊಟ್ಟವು. ಬರಬೇಡಿ ಎಂದದ್ದಕ್ಕೆ ಜನ ಬೇಸರಪಡಲಿಲ್ಲ. ಹೇಳಿದ ಕ್ರಮಕ್ಕೆ ಬೇಸರಪಟ್ಟರು. ಯಾವ ಮನೆಯ ಹಿರಿಯರು ಪಟ್ಟಿ ಎದುರಿಗಿಟ್ಟುಕೊಂಡು ಒಬ್ಬೊಬ್ಬರಿಗೂ ತಾವೇ ಫೋನ್ ಮಾಡಿ, "ಕಾಕ, ಹೀಗಾಯಿತು, ದುಆ ಮಾಡಿ" ಎಂದರೋ ಆ ಮನೆಯ ಮೇಲೆ ಯಾರಿಗೂ ಕೋಪ ಉಳಿಯಲಿಲ್ಲ. ಊಟದ ಪೊಟ್ಟಣ ಕಟ್ಟಿ ನೆರೆಮನೆಗೆ ಕಳಿಸಿದವರನ್ನಂತೂ ಈಗಲೂ ನೆನೆಯುತ್ತಾರೆ. ಗುಂಪಿಗೆ ಒಂದೇ ಮೆಸೇಜು ಹಾಕಿ ಕೈತೊಳೆದುಕೊಂಡವರ ಮೇಲೆ ಸ್ವಲ್ಪ ಮುನಿಸಿತ್ತು, ಅದೂ ಕರಗಿತು. ಕರಗದೆ ಉಳಿದ ಮುನಿಸು ಒಂದೇ ಬಗೆಯದು: ತಮ್ಮ ಸ್ವಂತ ಮಾಮಿಗೆ "ಐವತ್ತೇ ಜನ, ಏನು ಮಾಡುವುದು" ಎಂದು ಹೇಳಿ, ಅದೇ ದಿನ ಊರಿನ ದೊಡ್ಡ ಕುಳವನ್ನು ಕೂರಿಸಿ ಫೋಟೊ ತೆಗೆದು ಸ್ಟೇಟಸ್ಸಿಗೆ ಹಾಕಿದವರ ಮೇಲಿನದ್ದು. ಜಾಗ ಇಲ್ಲ ಎಂಬ ಮಾತನ್ನು ಮಾಮಿ ಒಪ್ಪಿದ್ದರು. ಜಾಗ ಇತ್ತು, ತನಗೆ ಇರಲಿಲ್ಲ ಎಂಬುದನ್ನು ಮೊಬೈಲಿನಲ್ಲಿ ನೋಡಿ ತಿಳಿಯಬೇಕಾಯಿತು.

ಈಗ ಸರ್ಕಾರದ ನೆಪವಿಲ್ಲ

ಇಂದು 50ರ ಮಿತಿ ಇಲ್ಲ. ಹಾಲ್ ದೊಡ್ಡದು, ಪಟ್ಟಿ ಅದಕ್ಕಿಂತ ದೊಡ್ಡದು. ಈಗ ಯಾರನ್ನಾದರೂ ಬೇಡ ಎನ್ನಬೇಕಾದರೆ ಕಾರಣ ನಮ್ಮದೇ, ಹೊಣೆಯೂ ನಮ್ಮದೇ. ಹಾಗಾಗಿ ಮೊದಲು ಕಾರಣವನ್ನು ತೂಗಿ ನೋಡಬೇಕು.

ಕೆಲವು ಕಾರಣ ತೂಕಕ್ಕೆ ನಿಲ್ಲುವುದಿಲ್ಲ. ಬಡ ಸಂಬಂಧಿಕರು, ಬಟ್ಟೆ ಸರಿಯಿಲ್ಲ, ಗಂಡಿನ ಕಡೆಯವರ ಎದುರು ಮರ್ಯಾದೆ ಹೋಗುತ್ತದೆ ಎಂಬುದು ಅಂಥದ್ದು. ತಲಾಖ್ ಆದ ಹೆಣ್ಣು, ಗಂಡ ತೀರಿಹೋದವಳು ಮದರಂಗಿಗೆ ಬರುವುದು ಬೇಡ ಎಂಬುದು ಇನ್ನೂ ಕೆಟ್ಟದ್ದು. ಅಂಥ ಶಕುನಕ್ಕೆ ನಮ್ಮ ದೀನಿನಲ್ಲಿ ಜಾಗವೇ ಇಲ್ಲ, ಆದರೂ ಕೆಲವು ಅಡುಗೆಮನೆಗಳಲ್ಲಿ ಆ ಮಾತು ಮೆಲ್ಲಗೆ ಓಡಾಡುತ್ತದೆ. ಅಣ್ಣನ ಮಗ ಬೇರೆ ಸಂಘಟನೆಗೆ ಹೋಗುತ್ತಾನೆ, ತಂಗಿಯ ಗಂಡ ಪಂಚಾಯತ್ ಚುನಾವಣೆಯಲ್ಲಿ ಎದುರು ಕಡೆಗೆ ಓಡಾಡಿದ ಎಂದು ಹೇಳಿಕೆ ಕಡಿಯುವವರೂ ಇದ್ದಾರೆ. ಜನ ಜಾಸ್ತಿಯಾದರು ಎಂದ ಕೂಡಲೇ ಬೇರೆ ಸಮುದಾಯದ ನೆರೆಯವರ ಹೆಸರಿಗೆ ಮೊದಲು ಗೆರೆ ಎಳೆಯುವುದೂ ಅಷ್ಟೇ ತಪ್ಪು. ಬೇಲಿಯಾಚೆಯಿಂದ ಬಿಂದಿಗೆ ನೀರು ಕೊಟ್ಟವರು, ರಾತ್ರಿ ಆಸ್ಪತ್ರೆಗೆ ರಿಕ್ಷಾ ಓಡಿಸಿದವರು ಅವರೇ. ಅವರಿಗಾಗಿ ಬೇರೆ ಸಸ್ಯಾಹಾರದ ಅಡುಗೆ ಮಾಡಿಸುವ ಒಳ್ಳೆಯ ಪದ್ಧತಿಯೇ ನಮ್ಮ ಮದುವೆಗಳಲ್ಲಿದೆ.

ಇನ್ನು ಕೆಲವು ಕಾರಣ ಅರ್ಧ ತೂಕದವು. ಇಬ್ಬರು ಸಂಬಂಧಿಕರ ನಡುವೆ ಜಾಗದ ತಕರಾರು, ಕೋರ್ಟಿನಲ್ಲಿ ಕೇಸು. ಒಬ್ಬರು ಬಂದರೆ ಇನ್ನೊಬ್ಬರು ಬರುವುದಿಲ್ಲ ಎನ್ನುತ್ತಾರೆ. ಇಲ್ಲಿ ಮನೆಯವರು ಸಾಮಾನ್ಯವಾಗಿ ಮಾಡುವುದೇನು? ಯಾರು ಜೋರಾಗಿ ಮಾತನಾಡುತ್ತಾರೋ ಅವರನ್ನು ಇಟ್ಟುಕೊಂಡು, ಮೆತ್ತಗಿರುವವರನ್ನು ಕೈಬಿಡುತ್ತಾರೆ. "ಅವ ಪಾಪ, ಏನೂ ಅಂದುಕೊಳ್ಳುವುದಿಲ್ಲ" ಎನ್ನುತ್ತಾರೆ. ಪಾಪದವನು ಏನೂ ಹೇಳುವುದಿಲ್ಲ ಅಷ್ಟೇ, ಅಂದುಕೊಳ್ಳುವುದಿಲ್ಲ ಎಂದಲ್ಲ. ಷರತ್ತು ಹಾಕಿದವರ ಮಾತಿಗೆ ಒಮ್ಮೆ ಬಾಗಿದರೆ ಮುಂದಿನ ಮದುವೆಯಲ್ಲಿ ಷರತ್ತು ಎರಡಾಗುತ್ತದೆ ಎಂಬುದನ್ನೂ ನಾವು ಕಂಡಿದ್ದೇವೆ. ಇಂಥಲ್ಲಿ ಯಾರ ಹೇಳಿಕೆಯನ್ನೂ ಹಿಂದಕ್ಕೆ ಪಡೆಯದೆ, "ಇಬ್ಬರಿಗೂ ಹೇಳಿದ್ದೇವೆ, ಇಬ್ಬರೂ ನಮಗೆ ಬೇಕು, ಬರುವುದು ಬಿಡುವುದು ನಿಮಗೆ ಬಿಟ್ಟದ್ದು" ಎನ್ನುವುದೇ ಹೆಚ್ಚಿನ ಸಲ ಸರಿ. ನಿಕಾಹ್‌ಗೆ ಒಬ್ಬರು, ವಲೀಮಾಕ್ಕೆ ಇನ್ನೊಬ್ಬರು ಎಂದು ಮೊದಲೇ ಇಬ್ಬರ ಒಪ್ಪಿಗೆ ಪಡೆದು ಹಂಚಿಕೊಂಡರೂ ಆಗುತ್ತದೆ.

ಕುಡಿದು ಬಂದು ಗಲಾಟೆ ಮಾಡುವವರು, ಗಂಡಿನ ಮನೆಯವರ ಎದುರು ಹಳೆಯ ಸಾಲದ ಮಾತೆತ್ತಿ ರಂಪ ಮಾಡುತ್ತೇನೆಂದು ಬೆದರಿಸಿದವರು ಬೇರೆ ಬಗೆ. ಅವರಿಗೆ ಹೇಳಬೇಕಾದವರು ನೇರ ಹೇಳಿದರೆ ತಪ್ಪಿಲ್ಲ. ಮದುವೆ ಮನೆ ಪಂಚಾಯಿತಿ ಕಟ್ಟೆಯಲ್ಲ.

ಮದುಮಗಳ ಮಾತಿಗೆ ತೂಕ ಬೇಡವೇ

ಎಲ್ಲಕ್ಕಿಂತ ಭಾರದ ಕಾರಣ ಒಂದಿದೆ. ಅದರ ಬಗ್ಗೆ ನಮ್ಮ ಮನೆಗಳಲ್ಲಿ ಮಾತು ಬಹಳ ಕಡಿಮೆ.

ಮದುಮಗಳು ಒಂದು ಹೆಸರು ಹೇಳುತ್ತಾಳೆ. ಹತ್ತಿರದ ಸಂಬಂಧಿಕರೇ. ಯಾಕೆ ಎಂದು ಕೇಳಿದರೆ ಉತ್ತರ ಕೊಡುವುದಿಲ್ಲ, ಇಲ್ಲವೆ ಅರ್ಧ ಹೇಳಿ ಅಳುತ್ತಾಳೆ. ಚಿಕ್ಕವಳಿದ್ದಾಗ ಆ ಮನುಷ್ಯನಿಂದ ಆಗಬಾರದ್ದು ಆಗಿರುತ್ತದೆ. ಉಮ್ಮನಿಗೆ ಅರ್ಥವಾಗುತ್ತದೆ. ಆದರೆ ಆ ಮನೆಗೆ ಹೇಳಿಕೆ ಹೋಗಿಯಾಗಿದೆ. ಬಾಪನಿಗೆ ಹೇಳಿದರೆ ಕೊಲೆಯಾದೀತು ಎಂಬ ಹೆದರಿಕೆ. "ಒಂದು ದಿನದ ಮಟ್ಟಿಗೆ ಸಹಿಸಿಕೋ ಮಗಳೇ, ಬಿಟ್ಟರೆ ಊರು ಕೇಳೀತು" ಎಂಬ ಮಾತು ಬರುತ್ತದೆ.

ಇಲ್ಲಿ ನಾವು ಒಂದು ಸರಳ ಪ್ರಶ್ನೆ ಕೇಳಿಕೊಳ್ಳಬೇಕು. ಈ ಮದುವೆ ಯಾರದ್ದು? ಆ ದಿನ ಅವಳು ತಲೆಯೆತ್ತಿ ಕೂರಬೇಕು. ಬಂದವರೆಲ್ಲ ಹತ್ತಿರ ಬಂದು ಸಲಾಂ ಹೇಳುತ್ತಾರೆ, ಫೋಟೊಗೆ ನಿಲ್ಲುತ್ತಾರೆ. ಆ ಸಾಲಿನಲ್ಲಿ ಅವನೂ ನಿಂತರೆ ಆ ದಿನ ಅವಳಿಗೆ ಯಾವ ದಿನವಾಗುತ್ತದೆ? ಊರು ಕೇಳುವ ಪ್ರಶ್ನೆಗೆ ಒಂದು ವಾರ ಆಯುಷ್ಯ. ಅವಳ ನೆನಪಿಗೆ ಅವಳಷ್ಟೇ ಆಯುಷ್ಯ.

ಇಂಥ ಕಡೆ ಹೇಳಿಕೆ ಹಿಂದಕ್ಕೆ ಪಡೆಯುವುದು ಅಗೌರವವಲ್ಲ, ಮನೆಯವರ ಕರ್ತವ್ಯ. ಮದುಮಗಳು ಎಲ್ಲರ ಎದುರು ಕಾರಣ ಬಿಡಿಸಿ ಹೇಳಬೇಕೆಂದು ಒತ್ತಾಯಿಸಬಾರದು. ಉಮ್ಮನಿಗೋ ದೊಡ್ಡಮ್ಮನಿಗೋ ಹೇಳಿದ್ದು ಸಾಕು. ಆ ಮನುಷ್ಯನಿಗೆ ಹೇಳುವವರು ಗಂಡಸರಲ್ಲಿ ತಾಳ್ಮೆಯುಳ್ಳ ಒಬ್ಬರಿರಲಿ: "ನೀನು ಬರಬಾರದು. ಯಾಕೆಂದು ನಿನಗೆ ಗೊತ್ತು" ಎಂದರೆ ಸಾಕು, ಕೈಮಾಡುವುದು ಬೇಡ. ಅವನ ಹೆಂಡತಿ ಮಕ್ಕಳನ್ನು ಇದರಲ್ಲಿ ಎಳೆಯಬಾರದು, ಅವರ ಮೇಲೆ ತಪ್ಪಿಲ್ಲ. ಆ ಮನೆಯಲ್ಲಿ ಈಗಲೂ ಚಿಕ್ಕ ಮಕ್ಕಳಿದ್ದರೆ ವಿಷಯ ಮದುವೆಗೆ ಮುಗಿಯುವುದಿಲ್ಲ ಎಂಬುದು ನೆನಪಿರಲಿ. ಮಕ್ಕಳ ರಕ್ಷಣೆಗೆಂದು 2012ರಲ್ಲಿ ಬಂದ ಪೋಕ್ಸೊ ಕಾಯ್ದೆ ಇದೆ. ಮಕ್ಕಳ ಸಹಾಯವಾಣಿ 1098, ಮಹಿಳೆಯರ ಸಹಾಯವಾಣಿ 181. ಈ ಸಂಖ್ಯೆಗಳು ಪ್ರತಿ ಮನೆಯಲ್ಲೂ ಗೊತ್ತಿರಬೇಕು.

ಮದುಮಗನ ವಿಷಯದಲ್ಲೂ ಇದೇ ಮಾತು. ಹುಡುಗರು ಹೇಳಿಕೊಳ್ಳುವುದು ಇನ್ನೂ ಕಡಿಮೆ, ಅಷ್ಟೇ.

ಹಿರಿಯರು ತೋರಿಸಿದ ದಾರಿ

ಕರೆದ ಮನೆಯವರಿಗೆ "ಇವರು ಬೇಡ" ಎನ್ನುವ ಅಧಿಕಾರವಿದೆಯೇ ಎಂದು ಕೇಳುವವರಿಗೆ ಬುಖಾರಿ, ಮುಸ್ಲಿಂ ಎರಡರಲ್ಲೂ ಬರುವ ಒಂದು ಘಟನೆ ನೆನಪಿಸಬಹುದು. ಅನ್ಸಾರಿಗಳಲ್ಲಿ ಒಬ್ಬರಾದ ಅಬೂ ಶುಐಬ್ (ರ) ಐದು ಜನರಿಗೆ ಸಾಕಾಗುವಷ್ಟು ಅಡುಗೆ ಮಾಡಿಸಿ ಪ್ರವಾದಿ (ಸ) ಮತ್ತು ನಾಲ್ವರನ್ನು ಕರೆದಿದ್ದರು. ದಾರಿಯಲ್ಲಿ ಇನ್ನೊಬ್ಬರು ಜೊತೆಗೂಡಿದರು. ಪ್ರವಾದಿ (ಸ) ಅವರನ್ನು ಸುಮ್ಮನೆ ಒಳಗೆ ಕರೆದುಕೊಂಡು ಹೋಗಲಿಲ್ಲ. ಬಾಗಿಲಲ್ಲಿ ನಿಂತು ಮನೆಯವರಿಗೆ ವಿಷಯ ತಿಳಿಸಿದರು. ಒಪ್ಪಿದರೆ ಇವರೂ ಬರುತ್ತಾರೆ, ಇಲ್ಲವಾದರೆ ಹಿಂದಿರುಗುತ್ತಾರೆ ಎಂದರು. ಅಬೂ ಶುಐಬ್ (ರ) ಒಪ್ಪಿದರು. ಇಲ್ಲಿ ಎರಡು ಪಾಠವಿದೆ. ಬೇಡ ಎನ್ನುವ ಹಕ್ಕು ಮನೆಯವರಿಗೆ ಇತ್ತು. ಆ ಹಕ್ಕು ಇದ್ದೂ ಅವರು ದೊಡ್ಡ ಮನಸ್ಸು ಮಾಡಿದರು.

ಅತಿಥಿಗೆ ಹೋಗು ಎನ್ನುವುದು ಎಷ್ಟು ಕಷ್ಟ ಎಂಬುದಕ್ಕೂ ಒಂದು ಮದುವೆಯ ಊಟದ ಪ್ರಸಂಗವೇ ಇದೆ. ಝೈನಬ್ (ರ) ಅವರೊಂದಿಗಿನ ವಿವಾಹದ ವಲೀಮಾದಲ್ಲಿ ಊಟವಾದ ಮೇಲೂ ಕೆಲವರು ಮಾತಾಡುತ್ತ ಕೂತೇ ಇದ್ದರು. ಪ್ರವಾದಿ (ಸ) ಸಂಕೋಚದಿಂದ ಏನೂ ಹೇಳದೆ ಎದ್ದು ಹೊರಗೆ ಹೋಗಿ ಬಂದರು. ಅತಿಥಿಗಳ ನಡತೆಯ ಬಗ್ಗೆ ಸೂರಃ ಅಲ್ ಅಹ್‌ಝಾಬಿನ 53ನೇ ಆಯತ್ ಅವತರಿಸಿದ್ದು ಆ ಸಂದರ್ಭದಲ್ಲೇ. ಅಂದ ಮೇಲೆ ನಮ್ಮ ಮನೆಯ ಬಾಪನ ನಾಲಿಗೆ ಏಳದಿದ್ದರೆ ಆಶ್ಚರ್ಯವೇನು? ಆ ಸಂಕೋಚ ಒಳ್ಳೆಯ ಗುಣವೇ. ಆದರೆ ಅದರ ಹಿಂದೆ ಅಡಗಿಕೊಂಡು ವಿಷಯವನ್ನು ಕೊನೆಯ ದಿನದವರೆಗೆ ಎಳೆಯುವುದು ಒಳ್ಳೆಯದಲ್ಲ.

ನಾವು ಅನುಸರಿಸುವ ಶಾಫಿಈ ಮದ್ಹಬಿನಲ್ಲಿ ವಲೀಮಾದ ಕರೆಗೆ ಹೋಗುವುದಕ್ಕೆ ಬಹಳ ಮಹತ್ವವಿದೆ. ಆದರೆ ಅದಕ್ಕೆ ಷರತ್ತುಗಳೂ ಇವೆ. ದರ್ಸ್‌ಗಳಲ್ಲಿ ಓದಿಸುವ ಇಮಾಂ ನವವಿಯವರ ಮಿನ್‌ಹಾಜ್‌ನಲ್ಲಿ ಹೇಳಿರುವಂತೆ, ಶ್ರೀಮಂತರನ್ನು ಮಾತ್ರ ಆರಿಸಿ ಕರೆದ ಊಟವಾಗಿರಬಾರದು. ಕರೆಸಿಕೊಂಡವರಿಗೆ ನೋವು ಕೊಡುವಂಥವರು ಅಲ್ಲಿ ಇರಬಾರದು. ಒಬ್ಬರ ಇರುವಿಕೆಯೇ ಇನ್ನೊಬ್ಬರಿಗೆ ನೋವಾಗಬಹುದು ಎಂಬುದನ್ನು ಹಿಂದಿನ ಫಿಕ್ಹ್ ಪಂಡಿತರು ಸಣ್ಣ ವಿಷಯವೆಂದು ತಳ್ಳಿಹಾಕಲಿಲ್ಲ. ಅದನ್ನು ಕಾರಣವೆಂದೇ ಒಪ್ಪಿದರು. ಹೋಗುವ ಅತಿಥಿಗೆ ಇಷ್ಟು ರಿಯಾಯಿತಿ ಇದ್ದರೆ, ಜಾಗ ಬಿಟ್ಟು ಏಳಲಾಗದ ಮದುಮಗಳ ನೋವಿಗೆ ಎಷ್ಟು ತೂಕ ಇರಬೇಕು? ನಿಮ್ಮ ಮನೆಯ ನಿರ್ದಿಷ್ಟ ವಿಷಯಕ್ಕೆ ನಿಮ್ಮ ಖತೀಬರನ್ನೇ ಕೇಳಿ.

ಇನ್ನು, ಯಾರನ್ನೂ ಬಿಡಬಾರದು ಎಂಬ ಒತ್ತಡ ಎಲ್ಲಿಂದ ಬಂತು? ನಿಕಾಹ್‌ಗೆ ಬೇಕಾದದ್ದು ವಧು, ವರ, ವಲಿ, ಇಬ್ಬರು ಸಾಕ್ಷಿಗಳು, ಈಜಾಬ್-ಖಬೂಲ್, ವಧುವಿಗೆ ಮಹರ್. ಅಷ್ಟೇ. ಅಬ್ದುರ್ರಹ್ಮಾನ್ ಬಿನ್ ಔಫ್ (ರ) ಮದೀನಾದಲ್ಲಿ ಮದುವೆಯಾದದ್ದು ಪ್ರವಾದಿ (ಸ) ಅವರಿಗೆ ಗೊತ್ತಾದದ್ದೇ ಅವರ ಮೈಮೇಲಿದ್ದ ಸುಗಂಧದ ಹಳದಿ ಗುರುತು ನೋಡಿದ ಮೇಲೆ. ನನ್ನನ್ನು ಯಾಕೆ ಕರೆಯಲಿಲ್ಲ ಎಂದು ಅವರು ಮುನಿಸಿಕೊಳ್ಳಲಿಲ್ಲ. ಬರಕತ್‌ಗಾಗಿ ದುಆ ಮಾಡಿದರು, ಒಂದು ಕುರಿಯನ್ನಾದರೂ ಕೊಯ್ದು ವಲೀಮಾ ಮಾಡು ಎಂದರು. ಹೇಳಿಕೆ ಬರಲಿಲ್ಲವೆಂದು ವರ್ಷಗಟ್ಟಲೆ ಸಲಾಂ ನಿಲ್ಲಿಸುವ ನಮಗೆ ಇದರಲ್ಲಿ ಕಲಿಯುವುದಿದೆ.

ಹೇಳುವುದಾದರೆ ಹೀಗೆ

ಎಲ್ಲ ತೂಗಿ ನೋಡಿ, ಹಿಂದಕ್ಕೆ ಪಡೆಯಲೇಬೇಕು ಎಂದಾದರೆ ಒಂದು ಕ್ರಮ ಬೇಕು. ಕೊರೋನಾ ಕಾಲದ ಫೋನ್ ಕರೆಗಳಿಂದ ನಾವು ಕಲಿತದ್ದನ್ನೇ ಇಲ್ಲಿ ಹೇಳುತ್ತೇವೆ.

ತೀರ್ಮಾನ ಒಬ್ಬರದ್ದಾಗಿರಬಾರದು. ಉಮ್ಮ, ಬಾಪ, ಮದುವೆಯಾಗುವವರು ಮೊದಲು ಒಟ್ಟಿಗೆ ಕೂತು ಮಾತಾಡಲಿ. ಗಂಡಿನ ಮನೆಗೂ ಹೆಣ್ಣಿನ ಮನೆಗೂ ಸಂಬಂಧವಿರುವ ವ್ಯಕ್ತಿಯಾದರೆ ಎರಡೂ ಕಡೆಯ ಹಿರಿಯರಿಗೆ ಗೊತ್ತಿರಲಿ. ಒಂದು ಕಡೆಯಿಂದ ಬೇಡ ಎಂದು, ಇನ್ನೊಂದು ಕಡೆಯಿಂದ ಕಾಗದ ಹೋದರೆ ಅವಮಾನ ದುಪ್ಪಟ್ಟು.

ಹೇಳಿಕೆ ಕೊಟ್ಟವರೇ ಹಿಂದಕ್ಕೆ ಪಡೆಯಲಿ. ಬಾಪ ಹೋಗಿ ಹೇಳಿದ ಮನೆಗೆ ಅಳಿಯನ ಕೈಲಿ ಸುದ್ದಿ ಮುಟ್ಟಿಸಬಾರದು. ಸಾಧ್ಯವಾದರೆ ಮನೆಗೇ ಹೋಗಿ. ದೂರವಾದರೆ, ಗಲ್ಫಿನಲ್ಲಿದ್ದರೆ ಫೋನ್. ಮೆಸೇಜು, ಅದರಲ್ಲೂ ಫಾರ್ವರ್ಡ್ ಮಾಡಬಹುದಾದ ವಾಯ್ಸ್ ನೋಟ್, ಖಂಡಿತ ಬೇಡ. ಅದು ಸಂಜೆಯೊಳಗೆ ಶಿರೂರಿನಿಂದ ಬ್ರಹ್ಮಾವರದವರೆಗೆ ತಿರುಗಿ ಬರುತ್ತದೆ.

ಬೇಗ ಹೇಳಿ. ರಜೆ ಹಾಕಿ, ಟಿಕೆಟ್ ತೆಗೆದು, ಮಕ್ಕಳಿಗೆ ಬಟ್ಟೆ ಹೊಲಿಸಿದ ಮೇಲೆ ಬೇಡ ಎನಿಸಿಕೊಂಡವರ ಸಂಕಟ ಬೇರೆಯೇ. ಮದುವೆಯ ಹಿಂದಿನ ರಾತ್ರಿಯ ಫೋನಿನಷ್ಟು ಕೆಟ್ಟದ್ದು ಇನ್ನೊಂದಿಲ್ಲ, ಹಾಲ್ ಬಾಗಿಲಲ್ಲಿ ತಡೆಯುವುದೊಂದು ಬಿಟ್ಟು.

ಸುಳ್ಳು ಕಾರಣ ಕೊಡಬೇಡಿ. "ಮದುವೆ ಬಹಳ ಸಣ್ಣದು ಮಾಡುತ್ತಿದ್ದೇವೆ" ಎಂದು ಹೇಳಿ ಸಾವಿರ ಜನರಿಗೆ ಬಡಿಸಿದರೆ ಸುಳ್ಳು ಅದೇ ದಿನ ಬಯಲಾಗುತ್ತದೆ. ಪೂರ್ತಿ ಕಾರಣ ಹೇಳಲಾಗದಿದ್ದರೆ, "ಕಾರಣ ಹೇಳಲು ಆಗುತ್ತಿಲ್ಲ, ಈ ಸಲ ನೀವು ಬಾರದೆ ಇದ್ದರೆ ನಮಗೆ ಉಪಕಾರ" ಎನ್ನಿ. ಸಣ್ಣ ಮಾತು, ಸುಳ್ಳಿಲ್ಲದ ಮಾತು. ಅಲ್ಲಿ ಕೂತು ಇಪ್ಪತ್ತು ವರ್ಷದ ಹಿಂದಿನ ಕತೆಯನ್ನೆಲ್ಲ ತೆಗೆಯಬೇಕಾಗಿಲ್ಲ.

ಕೊಡುಕೊಳ್ಳುವಿಕೆಯ ಲೆಕ್ಕವನ್ನೂ ನೋಡಿ. ಮದುವೆಯ ಖರ್ಚಿಗೆಂದು, ಚಿನ್ನಕ್ಕೆಂದು ಆ ವ್ಯಕ್ತಿಯಿಂದ ಹಣ ಬಂದಿದ್ದರೆ ಮೊದಲು ಅದನ್ನು ಹಿಂದಿರುಗಿಸಿ, ಆಮೇಲೆ ಮಾತಾಡಿ. ಹಣ ಇಟ್ಟುಕೊಂಡು ಮನುಷ್ಯ ಬೇಡ ಎನ್ನುವುದು ಯಾವ ನ್ಯಾಯ?

ಮತ್ತೆ, ಹೇಳಿದ್ದನ್ನು ನಾಲ್ಕು ಜನಕ್ಕೆ ಸಾರಬೇಡಿ. "ನಾನು ಮುಖಕ್ಕೆ ಹೊಡೆದ ಹಾಗೆ ಹೇಳಿ ಬಂದೆ" ಎಂದು ಅಂಗಡಿ ಜಗಲಿಯಲ್ಲಿ ಕೊಚ್ಚಿಕೊಂಡರೆ, ಮಾಡಿದ್ದು ಮಗಳಿಗಾಗಿ ಅಲ್ಲ, ನಿಮ್ಮ ಹಠಕ್ಕಾಗಿ ಎಂದಾಯಿತು.

ಬೇಡ ಎನಿಸಿಕೊಂಡವರಿಗೆ

ಈ ಸಾಲುಗಳನ್ನು ಓದುತ್ತಿರುವವರಲ್ಲಿ, ಎಲ್ಲೋ ಒಂದು ಮದುವೆಗೆ ಬರಬೇಡಿ ಎನಿಸಿಕೊಂಡವರೂ ಇರಬಹುದು. ನಿಮ್ಮ ನೋವು ಸುಳ್ಳಲ್ಲ. ನೆರೆಮನೆಯವರು ಹೊಸ ಬಟ್ಟೆ ಹಾಕಿ ಹೊರಟು, "ನೀವು ಹೊರಡಲಿಲ್ಲವಾ?" ಎಂದು ಕೇಳುವಾಗ ಬಾಗಿಲ ಹಿಂದೆ ನಿಲ್ಲುವುದು ಸುಲಭವಲ್ಲ.

ಸೂರಃ ಅನ್ನೂರಿನ 28ನೇ ಆಯತ್ ಇತರರ ಮನೆಗೆ ಹೋಗುವ ಶಿಸ್ತಿನ ಬಗ್ಗೆ ಹೇಳುತ್ತದೆ. ಹಿಂದಿರುಗಿ ಎಂದು ಹೇಳಿದರೆ ಹಿಂದಿರುಗುವುದೇ ಹೆಚ್ಚು ಪರಿಶುದ್ಧ ಎಂಬುದು ಅದರ ಸಾರ. ಬಾಗಿಲಿಗೆ ಬಂದವರಿಗೇ ಹೀಗೆ ಎಂದ ಮೇಲೆ, ಮೊದಲೇ ತಿಳಿಸಿದವರ ಮೇಲೆ ಹಗೆ ಸಾಧಿಸುವುದರಲ್ಲಿ ಅರ್ಥವಿಲ್ಲ. ಬೇಕಾದರೆ ಒಮ್ಮೆ, ಒಬ್ಬರೇ ಇರುವಾಗ, ಮೆಲ್ಲಗೆ ಕಾರಣ ಕೇಳಿ. ಕಾರಣದಲ್ಲಿ ನಿಮ್ಮ ತಪ್ಪಿದ್ದರೆ ಸರಿಮಾಡಿಕೊಳ್ಳುವುದಕ್ಕೆ ಅದೊಂದು ಅವಕಾಶ. ತಪ್ಪಿಲ್ಲದಿದ್ದರೆ ಮದುಮಕ್ಕಳಿಗೆ ದುಆ ಮಾಡಿ ಸುಮ್ಮನಿರುವುದರಲ್ಲಿ ದೊಡ್ಡತನವಿದೆ. ಹಠಕ್ಕೆ ಬಿದ್ದು ಹೋಗುವುದು, ಜಮಾಅತಿಗೆ ದೂರು ಕೊಡುವುದು, ಅವರ ಬಂಧುಗಳನ್ನೂ ಹೋಗದಂತೆ ತಡೆಯುವುದು, ಇವೆಲ್ಲ ಒಂದು ನೋವನ್ನು ಹತ್ತು ಮಾಡುವ ಕೆಲಸ. ಮೂರು ದಿನಕ್ಕಿಂತ ಹೆಚ್ಚು ಸಹೋದರನಲ್ಲಿ ಮಾತು ಬಿಡಬಾರದೆಂಬ ಹದೀಸನ್ನು ನಾವೆಲ್ಲ ಮದ್ರಸದಲ್ಲಿ ಬಾಯಿಪಾಠ ಮಾಡಿದವರೇ. ಪರೀಕ್ಷೆ ಬರುವುದು ಇಂಥ ಕಡೆ.

ಮನೆಯವರಿಗೂ ಒಂದು ಕೆಲಸ ಉಳಿದಿದೆ. ಮದುವೆ ಮುಗಿದ ವಾರದೊಳಗೆ, ಎರಡು ಕಡೆ ಜಗಳವೆಂದೋ ಜಾಗ ಸಾಲದೆಂದೋ ಬಿಟ್ಟವರ ಮನೆಗೆ ಹೋಗಿ ಬನ್ನಿ. 2020ರಲ್ಲಿ ಹಾಗೆ ಮದುಮಕ್ಕಳನ್ನು ಕರೆದುಕೊಂಡು ಮನೆಮನೆಗೆ ಹೋದವರಿದ್ದರು. ಹೊಸ ಜೋಡಿ ಬಾಗಿಲಿಗೆ ಬಂದರೆ, ಮದುವೆಗೆ ಕರೆಯದಿದ್ದ ಸಿಟ್ಟನ್ನು ಎಷ್ಟು ಹೊತ್ತು ಹಿಡಿದುಕೊಂಡಿರಲು ಸಾಧ್ಯ? ಮದುಮಗಳೇ ಬೇಡ ಎಂದ ಆ ಒಂದು ಮನೆಗೆ ಮಾತ್ರ ಹೋಗಬೇಕಾಗಿಲ್ಲ. ಅವಳನ್ನು ಕರೆದುಕೊಂಡು ಹೋಗುವುದಂತೂ ಕೂಡದು. ಉಳಿದವರ ಮನೆಗೆಲ್ಲ ಹೋಗಿ, ಒಂದು ಗ್ಲಾಸು ಶರಬತ್ತು ಕುಡಿದು, ಮುಂದಿನ ಮದುವೆಗೆ ಈಗಲೇ ಬಾಯಿಮಾತಿನ ಹೇಳಿಕೆ ಕೊಟ್ಟು ಬನ್ನಿ.